ಮರದ ನೆಲ ತೊಳೆದ ಶುಕ್ರವಾರ

ರಾಮನಗರದಲ್ಲಿ ನಾವು ಬಾಡಿಗೆಗಿದ್ದ ಮನೆಯ ತಾರಸಿ ಹತ್ತಿದರೆ ಒಂದು ಕಡೆ ಬಂಡೆ ಬೆಟ್ಟ, ಇನ್ನೊಂದು ಕಡೆ ನೀಲಿ ತಗಡಿನ ಒಂದು ದೊಡ್ಡ ಚಾವಣಿ ಕಾಣುತ್ತಿತ್ತು. ಬಿಡದಿಯಲ್ಲಿ ಕಾರ್ಖಾನೆಗಳು ಒಂದರ ಹಿಂದೊಂದು ಎದ್ದು, ಬೆಳಿಗ್ಗೆ ಐದೂವರೆಗೇ ಶಿಫ್ಟಿನ ಬಸ್ಸುಗಳು ನಮ್ಮ ಬೀದಿಯ ತುದಿಯಲ್ಲಿ ಹಾರ್ನ್ ಹೊಡೆಯತೊಡಗಿದ್ದ ವರ್ಷಗಳು ಅವು. ಕೆಲವು ಕಾರ್ಖಾನೆಯವರೂ ಊರಿನ ಕ್ರೀಡಾ ಸಮಿತಿಯೂ ಕೈಜೋಡಿಸಿ ಆ ಕಟ್ಟಡ ಎಬ್ಬಿಸಿದ್ದರು. ಬಾಗಿಲ ಮೇಲೆ ‘ವಿವಿಧೋದ್ದೇಶ ಒಳಾಂಗಣ ಕ್ರೀಡಾಂಗಣ’ ಎಂದು ಉದ್ದಕ್ಕೆ ಬರೆಸಿದ್ದರು. ಅಷ್ಟು ಹೇಳುವ ವ್ಯವಧಾನ ಯಾರಿಗಿತ್ತು? ಆಟೋದವರಿಗೆ ಅದು ‘ಸ್ಟೇಡಿಯಮ್ಮು’, ತರಕಾರಿ ಗಾಡಿಯವನಿಗೆ ‘ನೀಲಿ ಶೆಡ್ಡು’.

ವಿವಿಧೋದ್ದೇಶ ಎನ್ನುವುದನ್ನು ಮಾತ್ರ ಊರು ಚೆನ್ನಾಗಿ ಅರ್ಥಮಾಡಿಕೊಂಡಿತ್ತು. ಸೋಮವಾರದಿಂದ ಶನಿವಾರದವರೆಗೆ ಅಲ್ಲಿ ಏನು ಬೇಕಾದರೂ ನಡೆಯುತ್ತಿತ್ತು: ಆರತಕ್ಷತೆ, ಹೊಲಿಗೆ ತರಬೇತಿಯವರ ಸರ್ಟಿಫಿಕೇಟ್ ವಿತರಣೆ, ಕಣ್ಣಿನ ತಪಾಸಣೆ, ಒಮ್ಮೆ ನಾಯಿಗಳ ಪ್ರದರ್ಶನವೂ ಆಯಿತು. ಆಗೆಲ್ಲ ಮರದ ನೆಲದ ಮೇಲೆ ದಪ್ಪ ಜಮಖಾನ ಹಾಸುತ್ತಿದ್ದರು. ಭಾನುವಾರ ಜಮಖಾನ ಸುತ್ತಿಟ್ಟರೆ ಒಳಗಿನಿಂದ ಜೇನಿನ ಬಣ್ಣದ ಹಲಗೆಗಳು, ಬಿಳಿ ಗೆರೆಗಳು, ಎರಡು ತುದಿಯಲ್ಲಿ ಬಲೆ ಕಟ್ಟಿದ ಎರಡು ಕಬ್ಬಿಣದ ಬಳೆ. ಭಾನುವಾರ ಬ್ಯಾಸ್ಕೆಟ್‌ಬಾಲ್ ಲೀಗು. ದೊಡ್ಡ ಲೀಗೇನಲ್ಲ. ಬಿಡದಿಯ ಕಾರ್ಖಾನೆಗಳ ತಂಡಗಳು, ಚನ್ನಪಟ್ಟಣ, ಕನಕಪುರ, ಮಾಗಡಿಗಳಿಂದ ಒಂದೊಂದು ಕ್ಲಬ್ಬು, ನಮ್ಮ ಊರಿನದೊಂದು. ಪೇಪರಿನಲ್ಲಿ ಹೆಸರು ಬಂದರೆ ಬಂತು, ಇಲ್ಲದಿದ್ದರೆ ಇಲ್ಲ. ಆದರೂ ಐನೂರು ಜನ ಕೂರುವ ಮೆಟ್ಟಿಲುಗಳು ತುಂಬುತ್ತಿದ್ದವು. ಮೊದಮೊದಲು ಜನ ಚಪ್ಪಲಿಯನ್ನು ಹೊರಗೇ ಬಿಟ್ಟು ಬರುತ್ತಿದ್ದರು. ಮರದ ನೆಲ ನೋಡಿ ಹಾಗೆನಿಸಿರಬೇಕು.

ಅಲ್ಲಿ ನನ್ನ ಜಾಗ ಅಂಕಣದ ಪಕ್ಕದ ಮೇಜು. ಕಾನ್ವೆಂಟಿನಲ್ಲಿ ಓದುವಾಗ ನೆರಿಗೆ ಸ್ಕರ್ಟು ಹಾಕಿಕೊಂಡು ಸಿಮೆಂಟಿನ ಅಂಗಳದಲ್ಲಿ ಈ ಆಟ ಆಡಿದ್ದೆ. ಆಡಿದ್ದಕ್ಕಿಂತ ಹೆಚ್ಚಾಗಿ ಸ್ಕೋರು ಬರೆದಿದ್ದೆ. ನಮ್ಮ ಸಿಸ್ಟರ್ ನನ್ನ ಅಕ್ಷರ ನೋಡಿ ಓಟಕ್ಕಿಂತ ಬರವಣಿಗೆಯೇ ನನಗೆ ಸರಿ ಎಂದು ತೀರ್ಮಾನಿಸಿದ್ದರು. ನಮ್ಮೆಜಮಾನರು ಬಿಡದಿಯ ಒಂದು ಕಾರ್ಖಾನೆಯಲ್ಲಿ ಸೂಪರ್‌ವೈಸರು. ಅವರು ಈ ಸಂಗತಿಯನ್ನು ಯಾವುದೋ ಮಾತಿಗೆ ಸಮಿತಿಯ ಕಾರ್ಯದರ್ಶಿಗಳಿಗೆ ಹೇಳಿಬಿಟ್ಟರು. ಕಾರ್ಯದರ್ಶಿಗಳು ನಿವೃತ್ತ ಪಿ.ಟಿ. ಮೇಷ್ಟ್ರು, ಕೊರಳಲ್ಲಿ ಸೀಟಿಯಿಲ್ಲದಿದ್ದರೂ ಇದ್ದಂತೆಯೇ ನಡೆಯುವವರು. ಮಾರನೆಯ ಭಾನುವಾರವೇ ಮನೆಗೆ ಬಂದು, “ಮೇಡಂ, ಎರಡು ಬಣ್ಣದ ಪೆನ್ನು ತಗೊಂಡು ಬಂದುಬಿಡಿ, ಮಿಕ್ಕಿದ್ದು ನಾನು ನೋಡ್ಕೋತೀನಿ” ಎಂದರು. ಅಂದಿನಿಂದ ಪ್ರತಿ ಭಾನುವಾರ ಸಾರು ಕುದಿಸಿ ಮುಚ್ಚಿಟ್ಟು, ಕೆಂಪು ನೀಲಿ ಪೆನ್ನು ಹಿಡಿದು ಹೋಗುತ್ತಿದ್ದೆ. ಒಂದು ತಂಡಕ್ಕೆ ಕೆಂಪು, ಇನ್ನೊಂದಕ್ಕೆ ನೀಲಿ; ಬುಟ್ಟಿಗೆ ಬಿದ್ದ ಪ್ರತಿ ಚೆಂಡಿಗೂ ಒಂದು ಓರೆ ಗೀಟು.

ಅಕ್ಷರ ಚೆನ್ನಾಗಿದ್ದವರ ಪಾಡೇ ಅಷ್ಟು, ಮಿಕ್ಕ ಬರವಣಿಗೆಯೂ ನನಗೇ ಬಂತು. ಸಮಿತಿಯ ಸಭೆಯ ನಡಾವಳಿ, ಅಭಿನಂದನಾ ಪತ್ರ, ಕೊನೆಗೆ ನೆಲದ ಬಗ್ಗೆ ಒಂದು ಸೂಚನಾಫಲಕ. ಮರದ ನೆಲ ಹಾಕಿದವರು ಕೊಟ್ಟ ಪುಸ್ತಿಕೆ ಇಂಗ್ಲಿಷಿನಲ್ಲಿತ್ತು. ನಾನೂ ಇಂಗ್ಲಿಷಿನಲ್ಲೇ, ಸಿಸ್ಟರ್ ಕಲಿಸಿದ ಬಾಗಿದ ಕೂಡುಬರಹದಲ್ಲಿ, ಬಿಳಿ ಡ್ರಾಯಿಂಗ್ ಹಾಳೆಯ ಮೇಲೆ ಬರೆದೆ: ನೆಲಕ್ಕೆ ನೀರು ತಾಗಿಸಬಾರದು, ಒಣ ಬಟ್ಟೆಯಲ್ಲಿ ಮಾತ್ರ ಒರೆಸಬೇಕು, ತೇವವಾದರೆ ಹಲಗೆ ಉಬ್ಬುತ್ತದೆ. ಕಾರ್ಯದರ್ಶಿಗಳು ಅದಕ್ಕೆ ಗಾಜು ಹಾಕಿಸಿ ಬಾಗಿಲ ಒಳಗಡೆ ಮೊಳೆ ಹೊಡೆಸಿದರು. “ಏನು ಮುತ್ತಿನಂಥ ಅಕ್ಷರ!” ಎಂದು ಎಲ್ಲರೂ ನಿಂತು ನೋಡಿದರು. ನನಗೂ ಹೆಮ್ಮೆಯಾಗಿತ್ತು, ಸುಳ್ಳೇಕೆ ಹೇಳಲಿ.

ಆ ನೆಲವನ್ನು ನೋಡಿಕೊಳ್ಳುತ್ತಿದ್ದವರು ಒಬ್ಬ ಹೆಂಗಸು. ನನಗಿಂತ ಹತ್ತು ವರ್ಷ ದೊಡ್ಡವರು, ನಾನು ಅಕ್ಕ ಎನ್ನುತ್ತಿದ್ದೆ. ಬೈರಾಪಟ್ಟಣದ ಕಡೆಯ ಒಕ್ಕಲು ಮನೆಯ ಸೊಸೆ. ಗಂಡ ಹೋದ ಮೇಲೆ ಮೈದುನ, ಓರಗಿತ್ತಿಯರ ನಡುವೆ ನಾಲ್ಕು ವರ್ಷ ಇದ್ದು, ಒಂದು ದಿನ ಹಳದಿ ಚೌಕಳಿ ಬಟ್ಟೆಯಲ್ಲಿ ಗಂಟು ಕಟ್ಟಿಕೊಂಡು ಬಸ್ಸು ಹತ್ತಿದವರು. ಕ್ರೀಡಾಂಗಣದ ಹಿಂಬದಿಯಲ್ಲಿ, ಮೆಟ್ಟಿಲುಗಳ ಅಡಿಗೆ ಸಮಿತಿ ಕೊಟ್ಟ ಒಂದು ಕೋಣೆ ಅವರದು. ಚಾವಣಿ ಓರೆಯಾಗಿದ್ದರಿಂದ ಒಲೆಯ ಹತ್ತಿರ ನೆಟ್ಟಗೆ ನಿಲ್ಲಬಹುದು, ಹಾಸಿಗೆಯ ಹತ್ತಿರ ಬಗ್ಗಬೇಕು. ಅದರ ಬೀಗದ ಕೈ ತಾಳಿಯಿದ್ದ ಜಾಗದಲ್ಲಿ ಕಪ್ಪು ದಾರಕ್ಕೆ ಕಟ್ಟಿಕೊಂಡಿದ್ದರು. ಮೊದಲ ಸಲ ಕೋಣೆಗೆ ಕರೆದಾಗ ಬಾಗಿಲನ್ನು ಸುಮ್ಮನೆ ಎರಡು ಸಲ ಹಾಕಿ ತೆಗೆದು ತೋರಿಸಿದರು. “ಹುಟ್ಟಿದ ಮನೇಲಿ ಅಣ್ಣಂದಿರ್ದು, ಹೋದ ಮನೇಲಿ ಅತ್ತೇದು. ನಂದೇ ಅಂತ ಒಂದು ಬೀಗ ಇದೇ ಫಸ್ಟು ಕಣವ್ವಾ.”

ಅವರಿಗೆ ಆಟಗಾರರ ಬೂಟಿನ ಮೇಲೆ ಮಾತ್ರ ಸಿಟ್ಟು. “ಜನ ಬರಿಗಾಲಲ್ಲಿ ಬಂದು ಮೆಟ್ಲ ಮೇಲೆ ಕೂತವ್ರೆ, ಇವು ನೋಡು, ಬೂಟು ಹಾಕ್ಕಂಡು ನಡುಮನೇಲಿ ಕುಣೀತವೆ!” ಎಂದು ಉದ್ದ ಕೋಲಿನ ಅಗಲದ ಒಣ ಒರಸು ಹಿಡಿದು ಅವರ ಹಿಂದೆಯೇ ಓಡಾಡುತ್ತಿದ್ದರು. ಹುಡುಗರಿಗೂ ಅವರನ್ನು ರೇಗಿಸುವುದೆಂದರೆ ಖುಷಿ. “ಅವ್ವಾ, ನೀನೂ ಒಂದು ಬಾಲ್ ಹಾಕು ಬಾ.” “ಹಾಕ್ತೀನಿ ಬಾರ್ಲಾ, ನಿನ್ ಬೆನ್ ಮೇಲೆ!”

ಒಂದು ಸಣ್ಣ ವಿಷಯ ನಾನು ಗಮನಿಸಿದ್ದೆ. ನನ್ನ ಫಲಕದ ಗಾಜಿನ ಮೇಲೆ, ಎಡಗಡೆ ಮೂಲೆಯಲ್ಲಿ, ಯಾವಾಗಲೂ ಒಂದು ಕುಂಕುಮದ ಬೊಟ್ಟು ಇರುತ್ತಿತ್ತು. ಶುಕ್ರವಾರ ಬಿಡಿ ಹೂವೂ ಇರುತ್ತಿತ್ತು. ಚೆಂದ ಕಾಣುತ್ತದೆ ಎಂದುಕೊಂಡು ಒಳಗೆ ಹೋಗುತ್ತಿದ್ದೆನೇ ಹೊರತು ಯಾಕೆ ಎಂದು ಒಂದು ದಿನವೂ ಕೇಳಲಿಲ್ಲ.

ಆ ವರ್ಷ ನಮ್ಮ ಊರಿನ ತಂಡ ಲೀಗಿನ ಫೈನಲ್ ತಲುಪಿತ್ತು. ಅದಕ್ಕೆ ಮುಂಚಿನ ವಾರ ಸ್ಟೇಡಿಯಮ್ಮಿನಲ್ಲಿ ರೇಷ್ಮೆ ಬೆಳೆಗಾರರ ಪ್ರದರ್ಶನ ಇಟ್ಟುಕೊಂಡರು. ಮೂರು ದಿನ. ಸಾಲಾಗಿ ತಟ್ಟೆಗಳು, ಅದರ ತುಂಬ ಜೀವಂತ ಹುಳ, ಮೇಲೆ ಹಿಪ್ಪುನೇರಳೆ ಸೊಪ್ಪು. ಸಾವಿರಾರು ಹುಳ ಒಟ್ಟಿಗೆ ಸೊಪ್ಪು ತಿನ್ನುವ ಸದ್ದು ಆ ದೊಡ್ಡ ಹಾಲಿನಲ್ಲಿ ಮಳೆ ಹನಿದಂತೆ ಕೇಳುತ್ತಿತ್ತು. ಅಕ್ಕನಿಗೆ ಆ ಮೂರು ದಿನ ಹಬ್ಬ. ಇಪ್ಪತ್ತು ವರ್ಷ ಹುಳ ಸಾಕಿದ ಕೈ. ರೇಷ್ಮೆ ಇಲಾಖೆಯವರಿಗೇ ಬುದ್ಧಿ ಹೇಳುತ್ತಿದ್ದರು: “ಸಾರ್, ಈ ತಟ್ಟೇಲಿರೋವು ಜ್ವರಕ್ಕೆ ಕೂತವೆ, ಅಲ್ಲಾಡಿಸ್‌ಬ್ಯಾಡಿ.” ಹುಳ ಪೊರೆ ಬಿಡುವ ಮುಂಚೆ ಮೇವು ಬಿಟ್ಟು ಸುಮ್ಮನಾಗುವುದನ್ನು ನಮ್ಮ ಕಡೆ ಜ್ವರ ಎನ್ನುತ್ತಾರೆ.

ಗುರುವಾರ ಸಂಜೆ ಎಲ್ಲ ಖಾಲಿ ಮಾಡುವಾಗ ನಾನು ಸ್ಕೋರು ಹಾಳೆಗಳನ್ನು ತರಲು ಹೋಗಿದ್ದೆ. ಜಮಖಾನದ ಸಂದಿಯಲ್ಲಿ ಹಲಗೆಗೆ ಮೆತ್ತಿಕೊಂಡ ಸೊಪ್ಪು, ಹಿಕ್ಕೆ, ಒಂದೊಂದು ತಪ್ಪಿಸಿಕೊಂಡ ಹುಳ. ವಾಸನೆ ನನಗೆ ತಡೆಯಲಾಗಲಿಲ್ಲ. ಸೆರಗು ಮೂಗಿಗೆ ಹಿಡಿದು, “ಅಕ್ಕ, ಈ ವಾಸನೆ ಪೂರ್ತಿ ಹೋಗೋ ಹಾಗೆ ಚೆನ್ನಾಗಿ ಕ್ಲೀನ್ ಮಾಡಿಬಿಡಿ. ಪಾಪ, ನಮ್ಮ ತಂಡದ ಇಬ್ಬರು ಹುಡುಗರಿಗೆ ಆಗಲೇ ಕೆಮ್ಮು” ಎಂದೆ. ಅಷ್ಟೇ ಹೇಳಿ ಬಂದೆ.

“ನೀವು ನಿಶ್ಚಿಂತೆಯಿಂದ ಹೋಗಿ ಅಮ್ಮಾವ್ರೇ, ನಾನಿದ್ದೀನಿ” ಎಂದರು.

ರೇಷ್ಮೆ ಸಾಕುವವರಿಗೆ ಒಂದು ಕಟ್ಟಳೆಯಿದೆ. ಒಂದು ಬೆಳೆ ಎದ್ದ ಮೇಲೆ ಹುಳದ ಮನೆಯನ್ನು ಬ್ಲೀಚಿಂಗ್ ಪುಡಿಯ ನೀರಿನಲ್ಲಿ ತೊಳೆದು, ಸುಣ್ಣ ಎರಚಿ, ಕಿಟಕಿ ಬಾಗಿಲು ಬಿಗಿಯಾಗಿ ಮುಚ್ಚಿ ಒಂದು ದಿನ ಬಿಡಬೇಕು. ಹಳೆಯ ಬೆಳೆಯ ರೋಗ ಮುಂದಿನ ಬೆಳೆಗೆ ತಗಲಬಾರದು. ಇದರಲ್ಲಿ ಸೋಮಾರಿತನ ಮಾಡಿದ ಮನೆಯಲ್ಲಿ ಹುಳ ಸುಣ್ಣದ ಕಡ್ಡಿಯ ಹಾಗೆ ಬೆಳ್ಳಗೆ ಸೆಟೆದು ಸಾಯುತ್ತದೆ. ಅಕ್ಕ ಶುಕ್ರವಾರ ಬೆಳಿಗ್ಗೆ ಕೊಡ ಎತ್ತಿದರು. ಕೊಳಾಯಿಯಿಂದ ಎಷ್ಟು ಕೊಡ ತಂದರೋ! ಹುಡುಗರು ಆಡುವ ನೆಲವನ್ನು ಈ ಗೋಡೆಯಿಂದ ಆ ಗೋಡೆಯವರೆಗೆ ತೆಂಗಿನ ಕಡ್ಡಿ ಪೊರಕೆಯಲ್ಲಿ ಉಜ್ಜಿ ತೊಳೆದು, ಸುಣ್ಣದ ನೀರು ಎರಚಿ, ಎಲ್ಲ ಬಾಗಿಲೂ ಮುಚ್ಚಿ, ಸ್ನಾನ ಮಾಡಿ, ನನ್ನ ಫಲಕಕ್ಕೆ ಹೂವಿಟ್ಟರು.

ಶನಿವಾರ ಬೆಳಿಗ್ಗೆ ಪ್ರಾಕ್ಟೀಸಿಗೆ ಹೋದ ಹುಡುಗರು ಮನೆಗೆ ಓಡಿ ಬಂದು ನನ್ನನ್ನು ಕರೆದರು. ಹೋಗಿ ನೋಡಿದರೆ ಜೇನಿನ ಬಣ್ಣ ಹೋಗಿ ನೆಲವೆಲ್ಲ ಹಳಸಿದ ಮಜ್ಜಿಗೆಯ ಹಾಗಾಗಿತ್ತು. ನೀರು ಇಳಿಜಾರಿಗೆ ಹರಿದು ಹಿಂಬದಿಯ ಬುಟ್ಟಿಯ ಕೆಳಗೆ ನಿಂತಿದ್ದರಿಂದ ಅಲ್ಲಿ ಹಲಗೆಗಳು ಅಂಚಿನಲ್ಲಿ ಎದ್ದು, ಹಪ್ಪಳದಂತೆ ಬಾಗಿದ್ದವು. ಅಕ್ಕ ಕಂಬಕ್ಕೆ ಒರಗಿ ನಿಂತಿದ್ದರು. ಕೈಯೆಲ್ಲ ಬ್ಲೀಚಿಂಗಿಗೆ ಬಿರಿದಿತ್ತು.

“ಮುಂದಿನ ಬೆಳೆ ಬರೋ ಮುಂಚೆ ಮನೆ ತೊಳೀಬೇಕಲ್ವಾ ಅಮ್ಮಾವ್ರೇ?” ಎಂದು ಕೇಳಿದರು.

ಭಾನುವಾರ ನಾಲ್ಕು ಗಂಟೆಗೆ ಸಮಿತಿ ಸ್ಟೇಡಿಯಮ್ಮಿನಲ್ಲೇ ಸೇರಿತು. ಫೈನಲ್ಲಿಗೆ ಇನ್ನು ಒಂದೇ ವಾರವಿತ್ತು. ನಾನು ಹೊರಡುವಾಗಲೇ ನಮ್ಮೆಜಮಾನರು ಹೇಳಿದ್ದರು, “ಬರೆಯೋದಕ್ಕೆ ಹೋಗ್ತಿದೀಯ, ಬರೆದು ಬಾ. ಮಧ್ಯೆ ಹೋಗಬೇಡ.” ಮಧ್ಯೆ ಹೋಗುವ ಸ್ವಭಾವ ನನ್ನದಲ್ಲ. ಕಾನ್ವೆಂಟಿನಲ್ಲಿ ನಮಗೆ ಕಲಿಸಿದ್ದೇ ಕೇಳಿದರೆ ಮಾತ್ರ ಮಾತಾಡು ಎಂದು.

ಕಾರ್ಯದರ್ಶಿಗಳ ಮುಖ ಇಳಿದುಹೋಗಿತ್ತು. ಪಾಪ, ಆ ನೆಲಕ್ಕಾಗಿ ಎಷ್ಟು ಕಚೇರಿಗಳ ಮೆಟ್ಟಿಲು ಹತ್ತಿದ್ದರೋ. “ಏನಮ್ಮಾ, ಯಾರು ಹೇಳಿದ್ರು ನಿನಗೆ ನೀರು ಹಾಕು ಅಂತ?” ಎಂದು ಕೇಳಿದರು.

ಅಕ್ಕ ನನ್ನ ಕಡೆ ತಿರುಗಿಯೂ ನೋಡಲಿಲ್ಲ. “ಯಾರೂ ಹೇಳಿಲ್ಲ ಸ್ವಾಮಿ. ನಾನೇ ತೊಳೆದೆ.”

“ನಾಳೆಯಿಂದ ಬೇರೆಯವರನ್ನ ನೋಡ್ತೀವಿ. ಕೋಣೆ ಖಾಲಿ ಮಾಡು. ಮೇಡಂ, ಬರ್ಕೊಳ್ಳಿ: ನಿರ್ಲಕ್ಷ್ಯದ ಕಾರಣದಿಂದ…”

ಅಕ್ಕನ ಕೈ ಕೊರಳ ಬೀಗದ ಕೈ ಮೇಲೆ ಹೋಯಿತು. ನಾನು ‘ನಿರ್ಲಕ್ಷ್ಯ’ ಎಂದು ಬರೆದೆ. ಕೊಡಗಟ್ಟಲೆ ನೀರು ಹೊತ್ತ ಹೆಂಗಸು ಎದುರಿಗೇ ನಿಂತಿದ್ದಾರೆ. ಮುಂದಕ್ಕೆ ಪೆನ್ನು ಓಡಲಿಲ್ಲ. ಎದ್ದೆ. ಎದ್ದದ್ದು ನನಗೇ ಗೊತ್ತಾಗಲಿಲ್ಲ. ಬಾಗಿಲ ಹತ್ತಿರ ಹೋಗಿ, ಮೊಳೆಯಿಂದ ಫಲಕ ಬಿಡಿಸಿ ತಂದು ಮೇಜಿನ ಮೇಲಿಟ್ಟೆ. ಕುಂಕುಮದ ಬೊಟ್ಟು, ಶುಕ್ರವಾರದ ಬಾಡಿದ ಹೂವು, ಎಲ್ಲ ಸಮೇತ.

“ಅಕ್ಕ, ಇದರಲ್ಲಿ ಏನು ಬರೆದಿದೆ?”

ಅವರು ಅಚ್ಚರಿಯಿಂದ ನೋಡಿದರು. “ಅದಾ? ಈ ಕಟ್ಟಡ ಕಟ್ಟಿಸ್ದೋರ ಹೆಸ್ರಲ್ವಾ ಅಮ್ಮಾವ್ರೇ? ಉದ್ಘಾಟನೆ ಕಲ್ಲಿನ ಮೇಲೆ ಕೆತ್ತಿರ್ತಾರಲ್ಲ, ಅಂಗೆ. ಇರಾಕೆ ಜಾಗ ಕೊಟ್ಟೋರು ಅಂತ ದಿನಾ ಒಸಿ ಕುಂಕುಮ ಇಡ್ತಿದ್ದೆ.”

ನಾನು ಕಾರ್ಯದರ್ಶಿಗಳ ಕಡೆ ತಿರುಗಿದೆ. “ನೀರು ಹಾಕಬಾರದು ಅಂತ ಬರೆದಿರೋದು ಸಾರ್. ಬರೆದವಳು ನಾನು. ಇಲ್ಲಿ ದಿನಾ ನೆಲ ಒರೆಸೋರು ಒಬ್ಬರೇ, ಅವರಿಗೆ ಓದೋಕೆ ಬರದ ಭಾಷೆಯಲ್ಲಿ ಬರೆದೆ. ಗುರುವಾರ ಚೆನ್ನಾಗಿ ಕ್ಲೀನ್ ಮಾಡಿ ಅಂತ ಹೇಳಿದವಳೂ ನಾನೇ. ನಿರ್ಲಕ್ಷ್ಯ ಅಂತ ಬರೆಯೋದಾದರೆ ನನ್ನ ಹೆಸರನ್ನೇ ಮೊದಲು ಬರೀಬೇಕಾಗುತ್ತೆ.”

“ಅಯ್ಯೋ ಬುಡಿ ಅಮ್ಮಾವ್ರೇ, ನೀವು ವಾಸ್ನೆ ಹೋಗ್ಲಿ ಅಂದ್ರಿ ಅಷ್ಟೇಯ” ಎಂದರು ಅಕ್ಕ, ನನ್ನನ್ನೇ ಸಮಾಧಾನ ಮಾಡುವವರ ಹಾಗೆ. “ಹಬ್ಬಕ್ಕೆ ತೊಳೀಲಾ ಅಂತ ಈ ಮೇಷ್ಟ್ರನ್ನೂ ಕೇಳಿದ್ದೆ. ಮ್ಯಾಚು ಐತೆ, ಈಗ ಬ್ಯಾಡ ಅಂದಿದ್ರು. ಮ್ಯಾಚು ಇಲ್ದಾಗ ತೊಳೀಬೌದು ಅನ್ಕಂಡೆ.”

ಕಾರ್ಯದರ್ಶಿಗಳು ಕನ್ನಡಕ ತೆಗೆದು ಒರೆಸಿಕೊಂಡರು. ಕೊನೆಗೆ, “ಶನಿವಾರ ರೆಫ್ರಿ ಬಂದು ನೆಲ ನೋಡ್ತಾರೆ. ಅವರು ಫೈನಲ್ ಆಡಬಹುದು ಅಂದ್ರೆ ಈಯಮ್ಮ ಇರಲಿ. ಆಗಲ್ಲ ಅಂದ್ರೆ ನಾನೇನೂ ಮಾಡಕ್ಕಾಗಲ್ಲ ಮೇಡಂ, ದುಡ್ಡು ಕೊಟ್ಟ ಕಾರ್ಖಾನೆಯವರಿಗೆ ಉತ್ತರ ಕೊಡ್ಬೇಕು” ಎಂದರು.

ಸೋಮವಾರ ಚನ್ನಪಟ್ಟಣಕ್ಕೆ ಹೋಗಿ, ಮಕ್ಕಳಿಗೆ ನಾನು ಗೊಂಬೆ ತರುತ್ತಿದ್ದ ಅಂಗಡಿಯ ವಯಸ್ಸಾದ ಕುಶಲಕರ್ಮಿಯನ್ನು ಕರೆತಂದೆ. ಅರವತ್ತು ವರ್ಷ ಮರ ಕಡೆದವರು, ಎಲ್ಲರಿಗೂ ಚಾಚಾ. ಮೊಣಕಾಲೂರಿ ಬೆರಳ ಗೆಣ್ಣಿನಿಂದ ಹಲಗೆಗಳನ್ನು ಒಂದೊಂದಾಗಿ ತಟ್ಟಿ ಕೇಳಿಸಿಕೊಂಡರು. “ಸತ್ತಿಲ್ಲಮ್ಮ. ನೀರು ಜಾಸ್ತಿ ಕುಡಿದು ಹೊಟ್ಟೆ ಉಬ್ಬಿದೆ, ಅಷ್ಟೆ. ಬೆಂಕಿ ತೋರಿಸ್ಬೇಡಿ, ಬಿಸಿಲು ತೋರಿಸ್ಬೇಡಿ, ಸೀಳಿಬಿಡ್ತದೆ. ಬರೀ ಗಾಳಿ ಕೊಡಿ. ತೇವ ಹೀರೋ ಅಂಥದ್ದು ಏನಾದ್ರೂ ಮೇಲಿಡಿ.”

“ಸುಟ್ಟ ಭತ್ತದ ಹೊಟ್ಟು!” ಎಂದರು ಅಕ್ಕ ತಟ್ಟನೆ. ಹುಳದ ಹಾಸಿಗೆ ಒದ್ದೆಯಾದರೆ ಅದನ್ನೇ ಹಾಕುವುದಂತೆ. ಚಾಚಾ ತಲೆಯಾಡಿಸಿದರು. “ಬಟ್ಟೇಲಿ ಕಟ್ಟಿ ಇಡಮ್ಮ. ಇಲ್ದಿದ್ರೆ ಬಿಳಿ ಮಾಡಿದ ನೆಲಾನ ಈಗ ಕಪ್ಪು ಮಾಡ್ತೀಯ.”

ಹೊಟ್ಟಿಗಾಗಿ ಅಕ್ಕ ಬೈರಾಪಟ್ಟಣಕ್ಕೇ ಹೋದರು, ಬಿಟ್ಟು ಬಂದ ಆ ಮನೆಗೇ. ಓರಗಿತ್ತಿ ಏನೆಂದಳೋ, ಇವರು ಏನೆಂದರೋ, ನಾನು ಕೇಳಲಿಲ್ಲ. ಬಸ್ಸಿನ ಮೇಲೆ ನಾಲ್ಕು ಮೂಟೆ ಹಾಕಿಸಿಕೊಂಡು ಬಂದರು, ಮುಖ ಬಾಡಿತ್ತು. ನನ್ನ ಹಳೆಯ ಸೀರೆಗಳನ್ನು ಹರಿದು ಇಬ್ಬರೂ ಕೂತು ಸಣ್ಣ ದಿಂಬುಗಳ ಹಾಗೆ ಹೊಲಿದೆವು. ಮೂರು ದಿನ ಹಿಂಬದಿಯ ಬುಟ್ಟಿಯ ಕೆಳಗೆ ಆ ದಿಂಬುಗಳು ಸಾಲಾಗಿ ಮಲಗಿದ್ದವು, ಬಾಲವಾಡಿಯಲ್ಲಿ ಮಧ್ಯಾಹ್ನ ಮಕ್ಕಳು ಮಲಗಿದ ಹಾಗೆ. ತೇವ ಹೀರಿದವನ್ನು ಹೊರಗೆ ಆರಿಸಿ ಅಕ್ಕ ಮತ್ತೆ ತಂದಿಡುತ್ತಿದ್ದರು. ಶುಕ್ರವಾರ ಚಾಚಾ ಬಂದು, ಎದ್ದಿದ್ದ ಅಂಚುಗಳನ್ನು ಕೀಸುಳಿ ಹಾಕಿ ಸವರಿಕೊಟ್ಟರು.

ಶನಿವಾರ ಮಧ್ಯಾಹ್ನ ರೆಫ್ರಿ ಬಂದರು. ಚೆಂಡನ್ನು ತಲೆಯೆತ್ತರದಿಂದ ಬಿಟ್ಟರೆ ಅದು ಸೊಂಟದ ಮೇಲಕ್ಕೆ ಪುಟಿಯಬೇಕು, ಅದು ಲೆಕ್ಕ. ನಡು ಅಂಕಣದಲ್ಲಿ ಪುಟಿಯಿತು. ಎದುರು ಬುಟ್ಟಿಯ ಕೆಳಗೆ ಪುಟಿಯಿತು. ಅಕ್ಕ ಕೋಣೆಯ ಬಾಗಿಲಲ್ಲಿ ನಿಂತಿದ್ದರು. ಅವರ ಹಿಂದೆ ನೆಲದ ಮೇಲೆ ಬಟ್ಟೆ ಗಂಟು ಕಟ್ಟಿಟ್ಟಿದ್ದು ನನಗೆ ಕಾಣುತ್ತಿತ್ತು. ಬಂದಾಗ ತಂದದ್ದೇ ಗಂಟು, ಅದೇ ಹಳದಿ ಚೌಕಳಿ ಬಟ್ಟೆ.

ಹಿಂಬದಿಯ ಬುಟ್ಟಿಯ ಕೆಳಗೆ, ಎಡಗಡೆ, ಚೆಂಡು ‘ದಡ್’ ಎಂದಿತು. ಮೊಣಕಾಲಿನ ಮೇಲೆ ಬರಲಿಲ್ಲ.

ರೆಫ್ರಿ ಮತ್ತೆ ಬಿಟ್ಟರು. ಮತ್ತೆ ದಡ್. ಕಾಲಿನಿಂದ ಒತ್ತಿ ನೋಡಿದರು. ಬಗ್ಗಿ ಅಂಗೈ ಆಡಿಸಿದರು. “ಜಾರಲ್ಲ, ಕಾಲು ಎಡವಲ್ಲ. ಆದ್ರೆ ಒಂದು ಚಾಪೆಯಷ್ಟಗಲ ಚೆಂಡು ಏಳ್ತಾ ಇಲ್ಲ.”

ಕಾರ್ಯದರ್ಶಿಗಳು ನನ್ನನ್ನು ನೋಡಿದರು. ನಾನು ಸ್ಕೋರು ಹಾಳೆಯನ್ನು ನೋಡುತ್ತಿದ್ದೆ. ಅರ್ಧ ಆಟ ಮುಗಿದಾಗ ತಂಡಗಳು ಬುಟ್ಟಿ ಬದಲಿಸುತ್ತವೆ, ಅದನ್ನು ಗುರುತು ಮಾಡಲು ಹಾಳೆಯ ಮೇಲೆ ನಾನು ಅಡ್ಡಗೆರೆ ಎಳೆಯುತ್ತಿದ್ದೆ. “ಸಾರ್,” ಎಂದೆ, “ಇಬ್ಬರೂ ಅರ್ಧರ್ಧ ಹೊತ್ತು ಆ ಕಡೆಗೇ ಆಡ್ತಾರಲ್ವಾ?”

ರೆಫ್ರಿ ಚೆಂಡನ್ನು ಕಂಕುಳಲ್ಲಿಟ್ಟುಕೊಂಡು ಎರಡೂ ಬುಟ್ಟಿಗಳತ್ತ ನೋಡಿದರು. ಆಮೇಲೆ ನಕ್ಕರು. “ಹೌದಲ್ಲ. ಕಷ್ಟ ಇಬ್ಬರಿಗೂ ಸಮ. ಎರಡೂ ಕ್ಯಾಪ್ಟನ್‌ಗಳಿಗೆ ಜಾಗ ತೋರಿಸಿಬಿಡ್ತೀನಿ. ಆಡಿಸಿ.”

ಕೋಣೆಯ ಬಾಗಿಲು ಮುಚ್ಚಿಕೊಂಡಿತು. ಅಳು ಕೇಳಬಾರದೆಂದು ಮುಚ್ಚಿದರೇನೋ. ಮತ್ತೆ ತೆರೆದಾಗ ನೆಲದ ಮೇಲೆ ಗಂಟಿರಲಿಲ್ಲ. ಹಳದಿ ಚೌಕಳಿ ಬಟ್ಟೆಯನ್ನು ಅಕ್ಕ ಒರಸಿಗೆ ಸುತ್ತಿಕೊಂಡು ಬಂದು, ರೆಫ್ರಿಯ ಬೂಟಿನ ಗುರುತನ್ನು ಒರೆಸತೊಡಗಿದರು. “ಬೂಟು ಬಿಚ್ಚಿ ಬರಾಕೇನಾಗಿತ್ತು ನಿಮಗೆ?” ಎಂದು ಅವರನ್ನೂ ಬಿಡಲಿಲ್ಲ.

ಫೈನಲ್ ದಿನ ಮೆಟ್ಟಿಲ ಮೇಲೆ ಕಾಲಿಡಲು ಜಾಗವಿರಲಿಲ್ಲ. ಎದುರು ತಂಡ ಬಿಡದಿಯ ಒಂದು ಕಾರ್ಖಾನೆಯದು. ಮೊದಲರ್ಧದಲ್ಲಿ ಅವರು ಹಿಂಬದಿಯ ಬುಟ್ಟಿಗೆ ಆಡಬೇಕಿತ್ತು. ಕ್ಯಾಪ್ಟನ್ ಹೇಳಿದ್ದನ್ನು ಬಿಸಿ ರಕ್ತದ ಹುಡುಗರು ಎಷ್ಟು ನೆನಪಿಡುತ್ತಾರೆ? ಅವರಲ್ಲೊಬ್ಬ ಚೆಂಡು ಪುಟಿಸುತ್ತಾ ನೇರ ಆ ಎಡ ಮೂಲೆಗೇ ನುಗ್ಗಿದ. ನಮ್ಮೂರಿನವರೆಲ್ಲ ಅವನು ಅಲ್ಲಿಗೇ ಹೋಗಲಿ ಎಂದು ಕಾಯುತ್ತಿದ್ದರು. ಕಾರ್ಯದರ್ಶಿಗಳು ಕುರ್ಚಿಯ ತುದಿಗೆ ಬಂದಿದ್ದರು.

“ಲೋ ಮಗಾ, ಅಲ್ಲಿ ಬ್ಯಾಡ ಕಣಪ್ಪಾ!” ಹಿಂದಿನಿಂದ ಅಕ್ಕನ ಕೂಗು. “ಅಲ್ಲಿ ಪುಟಿಯಾಕಿಲ್ಲ, ಈ ಕಡೀಕ್ ಬಾ, ಈ ಕಡೀಕ್!”

ಅವನು ಗಕ್ಕನೆ ತಿರುಗಿ, ಬಲಕ್ಕೆ ಬಂದು, ಎಗರಿ ಚೆಂಡು ಹಾಕಿಯೇಬಿಟ್ಟ. ಮೆಟ್ಟಿಲುಗಳ ಮೇಲೆ ಅಯ್ಯೋ ಎಂಬ ದೊಡ್ಡ ಉದ್ಗಾರ. ಕಾರ್ಯದರ್ಶಿಗಳು ಹಣೆ ಚಚ್ಚಿಕೊಂಡು, “ಏನಮ್ಮಾ ತಾಯೀ, ನೀನು ಯಾರ ಕಡೆ?” ಎಂದರು.

“ನೆಲದ ಕಡೆ ಸ್ವಾಮಿ” ಎಂದರು ಅಕ್ಕ, ಒರಸನ್ನು ಭುಜಕ್ಕೆ ಒರಗಿಸಿಕೊಂಡು. “ತೊಳೆದೋಳು ನಾನು. ಯಾರ ಮನೆ ಮಗ ಬಿದ್ರೂ ಪಾಪ ನನಗೇ ತಾನೇ?”

ನಾನು ನಗು ತಡೆಯಲು ತುಟಿ ಕಚ್ಚಿಕೊಂಡು ನೀಲಿ ಪೆನ್ನು ತೆಗೆದೆ. ಎದುರು ತಂಡದ ಹೆಸರಿನ ಕೆಳಗೆ ಒಂದು ಓರೆ ಗೀಟು ಎಳೆದೆ.